ಬಿದ್ದ ಚೆಂಡನ್ನು ಬಿಡಲಾರದವನು

ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂದು ಒಪ್ಪಿಕೊಳ್ಳುವ ಅಭ್ಯಾಸ ನನಗಿಲ್ಲ. ಡೆಟ್ರಾಯಿಟ್ ಪಕ್ಕದ ಫಾರ್ಮಿಂಗ್ಟನ್ ಹಿಲ್ಸ್‌ನಲ್ಲಿ ಇಪ್ಪತ್ತು ವರ್ಷಗಳಿಂದ ಅಮೆರಿಕನ್ ಫುಟ್‌ಬಾಲ್ ನೋಡುತ್ತಿದ್ದೇನೆ. ಆಫೀಸಿನಲ್ಲಿ ಎಲ್ಲರೂ ತಲೆಯಾಡಿಸಿದಾಗ ನಾನೂ ಆಡಿಸುತ್ತೇನೆ. ಅಷ್ಟೇ ಪಾಂಡಿತ್ಯದ ಬಲದ ಮೇಲೆ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ದಿನ, ಅರೋರಾದಿಂದ ಬಂದಿದ್ದ ಹೆಂಡತಿಯ ತಮ್ಮ ಮೋಹನನಿಗೆ ಟಿವಿ ಮುಂದೆ ಆಟ ವಿವರಿಸಲು ಕುಳಿತೆ. ನಮ್ಮ ಡೆಟ್ರಾಯಿಟ್‌ನವರು ಬಹಳ ದೂರದಿಂದ ಗೋಲಿನ ಕಂಬಗಳತ್ತ ಚೆಂಡು ಒದ್ದರು. ಅದು ಕಂಬ ತಲುಪುವ ಮೊದಲೇ ಇಳಿಯತೊಡಗಿತು. "ಅಷ್ಟೇ, ಮುಗೀತು" ಎಂದು ತೀರ್ಪು ಕೊಟ್ಟು ಬಜ್ಜಿ ತರಲು ಎದ್ದೆ. ತಟ್ಟೆ ಹಿಡಿದು ಬರುವಷ್ಟರಲ್ಲಿ, ಕಂಬದ ಕೆಳಗೆ ಕಾದಿದ್ದ ಎದುರಾಳಿ ಆ ಚೆಂಡನ್ನು ಹಿಡಿದು, ಇಡೀ ಮೈದಾನ ಓಡಿ ಆರು ಅಂಕ ಗಳಿಸಿದ್ದ. ಅಂಕ ಸಿಕ್ಕಿತೆಂದು ಸಾರಲು ಅಂಪೈರ್ ಎರಡೂ ಕೈ ಮೇಲೆತ್ತಿ ನಿಂತಿದ್ದ.

ಹೈಸ್ಕೂಲಿನಲ್ಲಿರುವ ಮಗಳು ಅನಘಾ ಅಪ್ಪನ ಮೇಲಿನ ಕನಿಕರದಿಂದ ಇಂಗ್ಲಿಷಿನಲ್ಲಿ ನಿಯಮ ಹೇಳಿಕೊಟ್ಟಳು. ಗುರಿ ತಪ್ಪಿ ಮೈದಾನದೊಳಗೇ ಇಳಿದ ಚೆಂಡನ್ನು ಎದುರಾಳಿ ಹಿಡಿದು ಓಡಬಹುದು. ಆದರೆ ಹೆಚ್ಚಿನ ಸಲ ಮುಟ್ಟದಿರುವುದೇ ಜಾಣತನ. ಸುಮ್ಮನೆ ಬಿಟ್ಟರೆ, ಅದನ್ನು ಒದ್ದ ಜಾಗದಿಂದ, ಅಂದರೆ ಅಷ್ಟು ಮುಂದಿನಿಂದಲೇ, ಎದುರಾಳಿ ಆಟ ಶುರುಮಾಡಬಹುದು. ಆಸೆಪಟ್ಟು ಹಿಡಿದು ಓಡಿದವನನ್ನು ಅವನದೇ ಕಂಬದ ಬುಡದಲ್ಲಿ, ಅಂದರೆ ಮನೆಬಾಗಿಲಲ್ಲೇ, ಕೆಡವಿದರೆ, ಪಾಪ, ಅಲ್ಲಿಂದಲೇ ಆಡಬೇಕು. ಏನೂ ಮಾಡದೆ ಲಾಭ ಪಡೆಯುವ ಈ ನಿಯಮ ನನಗೆ ಬಹಳ ಹಿಡಿಸಿತು.

ಊಟವಾದ ಮೇಲೆ ಮೋಹನ, "ಭಾವ, ಮುಂದಿನ ಶನಿವಾರ ಮನೇಲಿ ಸತ್ಯನಾರಾಯಣ ಪೂಜೆ ಇಟ್ಕೊಂಡಿದೀವಿ" ಎಂದ. ನಾನೋ, ಎರಡು ತಿಂಗಳು ಶನಿವಾರವೂ ಆಫೀಸಿಗೆ ಹೋಗಿ, ಆ ಒಂದು ಶನಿವಾರ ಮಲಗಿಯೇ ಕಳೆಯಬೇಕೆಂದು ಕಾದಿದ್ದೆ. ಅರೋರಾಕ್ಕೆ ಮುನ್ನೂರು ಮೈಲಿ. ಅಷ್ಟರಲ್ಲಿ ಅವನೇ, "ಆದ್ರೆ ನಿಮಗೆ ಬೆನ್ನುನೋವು ಅಂತ ಅಕ್ಕ ಹೇಳಿದ್ಲು. ಸ್ನೋ ಬೇರೆ ಬೀಳತ್ತಂತೆ. ಕಷ್ಟ ಬಿಡಿ" ಎಂದ. ನನಗೆ ಬೆನ್ನುನೋವು ಇರಲಿಲ್ಲ. ಹೆಂಡತಿ ಲಲಿತಾ ನನ್ನನ್ನು ಉಳಿಸಲು ಹೂಡಿದ್ದ ಉಪಾಯ ಅದು. ಆಹ್ವಾನ ತಾನಾಗಿಯೇ ನೆಲಕ್ಕಿಳಿಯುತ್ತಿತ್ತು. "ಅಪ್ಪಾ, ಜಸ್ಟ್ ಲೀವ್ ಇಟ್" ಎಂದು ಮಗಳು ಪಿಸುಗುಟ್ಟಿದಳು. ಆದರೆ ಉಪಚಾರದ ಮಾತೊಂದು ಕಣ್ಣೆದುರು ನೆಲಕ್ಕೆ ಬೀಳುತ್ತಿದ್ದರೆ ಕೈಕಟ್ಟಿ ಕೂರುವುದು ನಮ್ಮ ಮನೆತನದಲ್ಲೇ ಇಲ್ಲ. "ಛೇ ಛೇ, ಕಷ್ಟ ಏನು ಬಂತು ಮೋಹನ? ಬಂದೇ ಬರ್ತೀವಿ" ಎಂದೆ. ಲಲಿತಾ ನನ್ನನ್ನು ನೋಡಿದಳು. ಮನೆಬಾಗಿಲಲ್ಲೇ ಬೀಳುವುದೆಂದರೇನು ಎಂದು ಆಗ ಅರ್ಥವಾಯಿತು.

ಆ ಶನಿವಾರ ಹಿಮದಲ್ಲಿ ಆರು ಗಂಟೆ ಡ್ರೈವ್ ಮಾಡಿದೆ. ಇಲ್ಲದಿದ್ದ ಬೆನ್ನುನೋವು ದಾರಿಯಲ್ಲಿ ಸಿಗುವ ಕಲಮಜೂ ಊರು ದಾಟುವಷ್ಟರಲ್ಲಿ ಬಂತು. ಮರುದಿನ ಹೊರಡುವಾಗ, ಬಾಗಿಲಲ್ಲಿ ನಿಂತು ಎಲ್ಲರೂ ಹೇಳುವ ಹಾಗೆ ನಾನೂ, "ಕ್ರಿಸ್ಮಸ್ ರಜಕ್ಕೆ ನೀವೂ ಬನ್ನಿ. ಕೆಲಸ ಇರತ್ತೇನೋ, ಆಗದಿದ್ರೆ ಬೇಡ" ಎಂದೆ. ಅರ್ಧ ದಾರಿಯಲ್ಲೇ ಬೀಳಲಿ ಎಂದು ಮೆಲ್ಲಗೆ ಒದ್ದ ಚೆಂಡು ಅದು.

"ಛೇ ಛೇ, ಕೆಲಸ ಏನು ಬಂತು ಭಾವ? ಹತ್ತು ದಿನ ಇರೋ ಹಾಗೇ ಬರ್ತೀವಿ" ಎಂದ ಮೋಹನ.

ಲಲಿತಾ ಕಾರು ಹತ್ತಿದಳು. ಕನ್ನಡಿಯಲ್ಲಿ ನೋಡಿದರೆ, ಹಿಂದಿನ ಸೀಟಿನಲ್ಲಿ ಮಗಳು ಎರಡೂ ಕೈ ಮೇಲೆತ್ತಿ ಕುಳಿತಿದ್ದಳು.