ಹೊಗೆಸೊಪ್ಪು ಬಿಡಿಸುವ ಮೊಬೈಲು

ನನಗೆ ಆಗ ಅರವತ್ತೆಂಟು. ಎರಡು ವರ್ಷದ ಹಿಂದಿನ ಮಾತು. ಚಟ ಎಂಬುದು ಕರೆಯದೆ ಬಂದ ನೆಂಟನ ಹಾಗೆ. ಬರುವಾಗ ಗೊತ್ತೇ ಆಗುವುದಿಲ್ಲ, ಹೋಗು ಎಂದರೆ ಊಟಕ್ಕೆ ಕೂರುತ್ತದೆ. ನನ್ನದು ಎಲೆ ಅಡಿಕೆಯ ಜೊತೆ ಹೊಗೆಸೊಪ್ಪು. ಮದುವೆಯಾಗಿ ತೋಡಾರಿಗೆ ಬಂದ ವರ್ಷ ಅತ್ತೆ ಕಲಿಸಿದ್ದು. ಅವರು ಕಲಿಸಿದ ಬೇರೆ ಯಾವುದನ್ನೂ ನಾನು ಅಷ್ಟು ಶ್ರದ್ಧೆಯಿಂದ ಮಾಡಿದವಳಲ್ಲ.

ಮೂಡುಬಿದಿರೆಯ ಡಾಕ್ಟರು ಕೆನ್ನೆಯ ಒಳಗೆ ಟಾರ್ಚು ಬಿಟ್ಟು ನೋಡಿ, "ಬಿಳಿ ಮಚ್ಚೆ ಉಂಟು. ಹೊಗೆಸೊಪ್ಪು ಬಿಡಿ, ಇಲ್ಲದಿದ್ರೆ ಕ್ಯಾನ್ಸರಿಗೆ ತಿರುಗಬಹುದು" ಎಂದರು. ಸುದ್ದಿ ಲಾಯಿಲದಲ್ಲಿರುವ ತಂಗಿಯ ಮಗಳು ಸವಿತಾಳಿಗೆ ಮುಟ್ಟಿತು. ಚಟ ಬಿಡಿಸುವ ಆ್ಯಪ್ ಮಾಡುವುದೇ ಅವಳ ಕೆಲಸ. ಓಡಿ ಬಂದು ನನ್ನ ಮೊಬೈಲಿಗೂ ಹಾಕಿಕೊಟ್ಟಳು. ಹೊಗೆಸೊಪ್ಪು ಬೇಕೆನಿಸಿದಾಗ ಬಾಯಿಗೆ ಹಾಕುವ ಬದಲು ಅದನ್ನು ಒತ್ತಬೇಕು, ಒಂದು ಮಲ್ಲಿಗೆ ಅರಳುತ್ತದೆ, ಯಾರೋ ಹೆಂಗಸು "ಶಹಬ್ಬಾಸ್!" ಎನ್ನುತ್ತಾಳೆ. ಈ ಜನ್ಮದಲ್ಲಿ ನನಗೆ ಶಹಬ್ಬಾಸ್ ಅಂದವರೇ ಇರಲಿಲ್ಲ. ಒತ್ತಿದ್ದೇ ಒತ್ತಿದ್ದು. ಮಲ್ಲಿಗೆಯ ತೋಟವೇ ಆಯಿತು. ಒತ್ತಿದ ಖುಷಿಗೆ ಹೊಗೆಸೊಪ್ಪು ಸೇರಿಸಿ ಒಂದು ಎಲೆ ಹಾಕುತ್ತಿದ್ದೆ.

ಅದೂ ಸಾಲದೆ ಮೊಬೈಲು ಆಗಾಗ ಗಂಟೆ ಬಾರಿಸಿ ಕೇಳುತ್ತಿತ್ತು: "ಅಮ್ಮಾ, ಈಗ ಹೊಗೆಸೊಪ್ಪು ಬೇಕೆನಿಸುತ್ತಿದೆಯೇ?" ಸೌತೆ ಹೆಚ್ಚುತ್ತಾ ಎಲ್ಲ ಮರೆತು ಕೂತವಳಿಗೆ ಬಾಯಲ್ಲಿ ನೀರು. ಬೇಲಿಯಾಚೆಯ ಬೀಫಾತುಮ್ಮ ನಕ್ಕು, "ಮದುವೆ ಮನೆಯಲ್ಲಿ ಸಹ ಇಷ್ಟು ಉಪಚಾರ ಇಲ್ಲ ಮಾರಾಯ್ತಿ! ಕೇಳಿ ಕೇಳಿ ತಿನ್ನಿಸ್ತದೆ" ಎಂದಳು.

ತಿಂಗಳು ಕಳೆದು ಮತ್ತೆ ತೋರಿಸಲು ಹೋದರೆ ಡಾಕ್ಟರು ಮಚ್ಚೆ ದೊಡ್ಡದಾಗಿದೆ, ಇನ್ನು ಕೊಯ್ಯಬೇಕಾದೀತು ಎಂದು ಬೈದರು. ಅಂದು ಸಂಜೆ ಸವಿತಾ ಬಂದಾಗ ಹಿಡಿದುಕೊಂಡೆ.

"ಈ ಗಂಟೆ ಯಾಕೆ ಬಾರಿಸ್ತದೆ?"

"ನೀವು ದಿನಾ ತೆರೀಬೇಕಲ್ಲ ದೊಡ್ಡಮ್ಮ. ಜನ ತೆರೆಯದಿದ್ರೆ ಆಫೀಸಿನಲ್ಲಿ ನನ್ನನ್ನು ಕೇಳ್ತಾರೆ."

"ಚಟ ಬಿಟ್ಟವರು ಯಾಕೆ ತೆರೀತಾರೆ?"

"ಅದಕ್ಕೇ ಗಂಟೆ ಇಟ್ಟದ್ದು" ಎಂದವಳು ನಾಲಿಗೆ ಕಚ್ಚಿಕೊಂಡಳು.

"ಅಂದ್ರೆ ನಾನು ಗುಣ ಆದ್ರೆ ನಿನಗೆ ನಷ್ಟ. ತೆಗೆ ಅದನ್ನು."

ತೆಗೆಯುವಾಗ ಮೊಬೈಲು ಬಾಡಿದ ಮಲ್ಲಿಗೆ ತೋರಿಸಿ, "ನಿಜವಾಗಿಯೂ ಹೋಗುತ್ತೀರಾ ಅಮ್ಮಾ?" ಎಂದು ಅತ್ತಿತು. ಗಂಡ ಸತ್ತಾಗ ನಾನೇ ಅಷ್ಟು ಅತ್ತಿರಲಿಲ್ಲ.

ಮರುದಿನ ಬೆಳಿಗ್ಗೆ ಎದ್ದವಳೇ ಡಬ್ಬಿಯಲ್ಲಿದ್ದ ಹೊಗೆಸೊಪ್ಪನ್ನೆಲ್ಲ ಕುದಿಸಿ, ಸೋಸಿ, ಹೇನು ಹಿಡಿದಿದ್ದ ಅಲಸಂಡೆ ಬಳ್ಳಿಗೆ ಹೊಡೆದೆ. ಹೇನು ಪಟಪಟ ಉದುರಿದವು. ಇಷ್ಟು ವರ್ಷ ಅದನ್ನೇ ಜಗಿದೂ ಉದುರದ ನಾನು ಎಂಥ ಹುಳವೋ ಎಂದು ಸ್ವಲ್ಪ ಹೊತ್ತು ನೋಡುತ್ತಾ ನಿಂತೆ.