ಮಾವನೆದುರು ಮೀನು ಬೇಯಿಸಿದ ಪ್ರಸಂಗ

"ಅಕೇನೆತಾ, ನಾಳೆ ನೀನು ಒಲೆ ಹತ್ತಿರ ಸುಳೀಬೇಡ. ಅಡುಗೆ ನನ್ನದು!" ಎಂದು ಶುಕ್ರವಾರ ಸಂಜೆ ನಾನು ಘೋಷಿಸಿಬಿಟ್ಟೆ.

ಬಟ್ಟೆ ಮಡಿಸುತ್ತಿದ್ದ ಹೆಂಡತಿ ಕತ್ತೆತ್ತಿ ನೋಡಿದಳು. "ರೀ, ಜ್ವರಗಿರ ಏನೂ ಇಲ್ಲ ತಾನೆ?"

"ನಾನು ಕಡಲವನು ಕಣೇ! ನಮ್ಮ ತಾತ, ಮುತ್ತಾತ ಎಲ್ಲಾ ಬಲೆ ಬೀಸಿದ ಶೂರರು. ಇಡೀ ಮೀನಿಗೆ ನಿಂಬೆಹಣ್ಣು, ಹಸಿ ಸೊಪ್ಪು ತುಂಬಿ ಬೇಯಿಸ್ತೀನಿ ನೋಡು, ನಿಮ್ಮಪ್ಪ ಬೆರಳು ನೆಕ್ಕಬೇಕು!"

"ನೀವು ದೋಣಿ ಹತ್ತಿದ್ರೆ ವಾಂತಿ ಮಾಡ್ಕೋತೀರಿ. ಮೀನು ತರೋದು ಸಿಂಗತೋಕ ಮಾರ್ಕೆಟ್ಟಿಂದ. ಯಾವ ಶೂರತ್ವ ಅಂತೀರಿ?"

ಅಂಚೆ ಕಚೇರಿಯಲ್ಲಿ ಠಸ್ಸೆ ಒತ್ತುವ ನನ್ನಂಥ ಗುಮಾಸ್ತನ ನರಗಳಲ್ಲೂ ಸಮುದ್ರ ಮೊರೆಯುತ್ತಿರುತ್ತದೆ ಎನ್ನುವುದು ಈ ಬೆಟ್ಟದ ಹೆಣ್ಣಿಗೆ ಎಲ್ಲಿ ಅರ್ಥವಾಗಬೇಕು!

ಆದರೆ ವಿಷಯ ತಮಾಷೆಯದಾಗಿರಲಿಲ್ಲ. ಮೂರು ವರ್ಷದ ಹಿಂದೆ ನಾನು ಅಕೇನೆತಾಳನ್ನು ಅವಳ ಊರಿಂದ ಓಡಿಸಿಕೊಂಡು ಬಂದು ಮದುವೆಯಾದವನು. ನಮ್ಮ ಹಿರಿಯರು ಕ್ಷಮೆ ಕೇಳುವ ಪದ್ಧತಿಯಂತೆ ತಿಮಿಂಗಿಲದ ಹಲ್ಲು ಹಿಡಿದುಕೊಂಡು ಬೆಟ್ಟ ಹತ್ತಿ ಹೋಗಿ, ನೆಲಕ್ಕೆ ತಲೆ ಬಾಗಿಸಿ ತಪ್ಪಾಯಿತೆಂದು ಕೇಳಿಕೊಂಡಿದ್ದರು. ಮಾವ ನೆಮಾನಿ ಹಲ್ಲನ್ನೇನೋ ಸ್ವೀಕರಿಸಿದರು. ನಮ್ಮ ಮನೆಯ ಹೊಸಿಲನ್ನು ಮಾತ್ರ ತುಳಿಯಲಿಲ್ಲ. ಮಗಳು ಪ್ರತಿ ಕ್ರಿಸ್‌ಮಸ್ಸಿಗೂ ಚಾಪೆ ಹಾಸಿಟ್ಟು, ಸಂಜೆ ಅಳುತ್ತಾ ಸುತ್ತಿಡುವುದನ್ನು ನಾನು ಕಣ್ಣಾರೆ ಕಂಡಿದ್ದೆ. ಈಗ ಮೊದಲ ಸಲ ಅವರಿಂದ ಸುದ್ದಿ ಬಂದಿತ್ತು: ಶನಿವಾರ ಕೆಸುವಿನ ಗಡ್ಡೆ ಮಾರಲು ಪೇಟೆಗೆ ಬರುತ್ತೇನೆ, ಮಧ್ಯಾಹ್ನ ಊಟಕ್ಕೆ ಬರುತ್ತೇನೆ. ಆ ಊಟ ಕೆಟ್ಟರೆ ಆ ಚಾಪೆಯನ್ನು ಇನ್ನೆಂದೂ ಹಾಸುವ ಹಾಗಿರಲಿಲ್ಲ.

ಶನಿವಾರ ಬೆಳಗ್ಗೆ ಹೆಂಡತಿ ಚರ್ಚಿಗೆ ಹಾಡಿನ ಅಭ್ಯಾಸಕ್ಕೆ ಹೊರಟಳು. ಬಾಗಿಲಲ್ಲಿ ನಿಂತು, "ಉಪ್ಪು ನೋಡ್ಕೊಂಡು ಹಾಕ್ರೀ," ಎಂದಳು.

"ಹೋಗೇ, ನಂಗೇ ಹೇಳ್ಕೊಡ್ತೀಯಾ!"

ಮೊಳದುದ್ದದ ಮೀನನ್ನು ತೊಳೆದು, ಎರಡೂ ಮಗ್ಗುಲು ಗೀರು ಹಾಕಿ, ಉಪ್ಪು, ನಿಂಬೆರಸ ತಿಕ್ಕಿದೆ. ಹೊಟ್ಟೆಯೊಳಗೆ ನಿಂಬೆಯ ಬಿಲ್ಲೆ, ಮಜ್ಜಿಗೆಹುಲ್ಲು, ಕೊತ್ತಂಬರಿ, ಈರುಳ್ಳಿಸೊಪ್ಪು ತುರುಕಿದೆ. ಆಹಾ, ಏನು ಘಮ! ಅಷ್ಟರಲ್ಲಿ ಹಿಂದೆ ಯಾರೋ ಕೆಮ್ಮಿದರು. ತಿರುಗಿ ನೋಡಿದರೆ ಮಾವ! ಗಡ್ಡೆ ಒಂದೇ ಗಂಟೆಯಲ್ಲಿ ಖರ್ಚಾಗಿತ್ತಂತೆ. ಬಂದವರು ಸೀದಾ ಹಿತ್ತಿಲ ಅಡುಗೆಮನೆಗೇ ನುಗ್ಗಿ, ಒಲೆಯ ಎದುರು ಚಕ್ಕಳಮಕ್ಕಳ ಹಾಕಿ ಕುಳಿತರು.

"ನೀನು ನಿನ್ನ ಕೆಲಸ ಮಾಡು ಅಳಿಯ. ನಾನು ಸುಮ್ನೆ ನೋಡ್ತಿರ್ತೀನಿ."

ಕೆಟ್ಟೆನಲ್ಲ! ಫಿಜಿಯ ನಮ್ಮ ಕಡೆ ಬೆಟ್ಟದವರ ಎದುರು ಕಡಲವರು ಮೀನನ್ನು ಬಾಯಿಗಿಡುವಂತಿಲ್ಲ, ಕಡಲವರ ಎದುರು ಬೆಟ್ಟದವರು ಹಂದಿ ತಿನ್ನುವಂತಿಲ್ಲ. ಸಿಕ್ಕಿಬಿದ್ದರೆ ದಂಡ, ಏನು ದಂಡ ಎಂದು ಹಿಡಿದವರೇ ಹೇಳುತ್ತಾರೆ. ಹೆಂಡತಿಯ ಎದುರು ಈ ಕಟ್ಟಳೆ ನಡೆಯುವುದಿಲ್ಲ. ನಡೆಯುವಂತಿದ್ದರೆ ನಾನು ಎಂದೋ ಸೊರಗಿ ಸತ್ತಿರುತ್ತಿದ್ದೆ. ಆದರೆ ಮಾವನ ಎದುರು ಮೀನಿನ ರಸ ನಾಲಗೆಗೆ ತಾಕಿಸುವುದೆಂದರೆ! ಅಂದರೆ ಈ ಅಡುಗೆಭಟ್ಟ ರುಚಿ ನೋಡುವಂತಿಲ್ಲ! ಇದು ನನಗೆ ಹೊಳೆದದ್ದು ಆಗಲೇ. ಅಡುಗೆ ಮಾಡುವ ಪ್ರತಿಜ್ಞೆ ಮಾಡುವಾಗ ಬುದ್ಧಿಗೆ ಎಲ್ಲಿ ರಜೆ ಕೊಟ್ಟಿದ್ದೆನೋ!

ಆ ಗಾಬರಿಯಲ್ಲಿ ಉಪ್ಪು ಹಾಕಿದ್ದೆನೋ ಇಲ್ಲವೋ ಮರೆತೇಹೋಯಿತು. ಸಪ್ಪೆ ಮೀನು ಬಡಿಸಿದರೆ ಮಾನ ಉಳಿಯುತ್ತದೆಯೇ? ಒಂದು ಹಿಡಿ ಹಾಕಿದೆ. ತೆಂಗಿನ ಹಾಲು ಸುರಿದ ಮೇಲೆ, ಹಾಲು ಉಪ್ಪನ್ನು ನುಂಗುತ್ತದೆಂದು ಯಾರೋ ಹೇಳಿದ್ದು ನೆನಪಾಗಿ ಇನ್ನೊಂದು ಹಿಡಿ. ಮಾವ ಕಣ್ಣು ಮಿಟುಕಿಸದೆ ನೋಡುತ್ತಿದ್ದರು.

ಬಾಳೆ ಎಲೆಯಲ್ಲಿ ಸುತ್ತಿ ಕೆಂಡದ ಮೇಲಿಟ್ಟೆ. ಸ್ವಲ್ಪ ಹೊತ್ತಿಗೆ ಎಲೆಯ ಅಂಚಿನಿಂದ ರಸ ಜಿನುಗಿತು. ಬೆರಳಿಗೆ ಒರೆಸಿಕೊಂಡು, ಸೌದೆ ತರುವ ನೆಪದಲ್ಲಿ ನಿಂಬೆಗಿಡದ ಹಿಂದೆ ಓಡಿದೆ. ಬೆರಳು ಇನ್ನೇನು ಬಾಯಿಗೆ ಹೋಗಬೇಕು...

"ಏನಳಿಯ, ಬೆರಳು ಸುಟ್ಕೊಂಡ್ಯಾ?"

"ಹೂಂ... ಹೂಂ ಮಾವ!"

"ತೋರ್ಸು ಇಲ್ಲಿ." ಪಾಪ, ಬೆರಳನ್ನು ನೀರಲ್ಲಿ ಅದ್ದಿ ತೊಳೆದು, ತಮ್ಮ ಕರವಸ್ತ್ರ ಹರಿದು ಬಿಗಿಯಾಗಿ ಕಟ್ಟಿದರು. ರುಚಿ ನೋಡುವ ಕೊನೆಯ ದಾರಿಗೂ ಬ್ಯಾಂಡೇಜು ಬಿತ್ತು!

ಹೆಂಡತಿ ಬಂದಳು, ಚಾಪೆ ಹಾಸಿದಳು. ಮೀನಿನ ತಲೆಯನ್ನು ಮರ್ಯಾದೆಯಿಂದ ಮಾವನ ತಟ್ಟೆಗೆ ಬಡಿಸಿದೆ. ನನ್ನ ತಟ್ಟೆಯಲ್ಲಿ ಬರೀ ಬೇಯಿಸಿದ ಗೆಣಸು. ಮಾವ ಒಂದು ತುತ್ತು ಬಾಯಿಗಿಟ್ಟರು. ಅವರ ಕಿವಿ ಸ್ವಲ್ಪ ಹಿಂದಕ್ಕೆ ಸರಿದಂತೆ ಕಂಡಿತು. ಅಕೇನೆತಾ ಒಂದು ತುತ್ತು ತಿಂದು, ಎದ್ದು ನೀರಿನ ಕೊಡವನ್ನೇ ತಂದಿಟ್ಟಳು.

"ಹೇಗಿದೆ ಮಾವ?" ಎಂದೆ, ಹೊಗಳಿಕೆಗೆ ಎದೆಯುಬ್ಬಿಸಿ.

"ನೀನೂ ತಿನ್ನು."

"ಅಯ್ಯೋ, ನಿಮ್ಮೆದುರು ನಾನು ಮೀನು ತಿನ್ನೋದಾ?"

"ತಿನ್ನೋ ಅಂದೆ! ದಂಡ ನಾನು ನೋಡ್ಕೋತೀನಿ."

ತಿಂದೆ. ದೇವರೇ! ದೋಣಿಯಿಂದ ಬಿದ್ದಾಗಲೂ ಇಷ್ಟು ಸಮುದ್ರ ಒಟ್ಟಿಗೆ ನನ್ನ ಬಾಯಿಗೆ ಬಂದಿರಲಿಲ್ಲ!

"ನಾನು ಹಿಡಿ ಹಿಡಿ ಉಪ್ಪು ಹಾಕಿದ್ದು ನೀವು ನೋಡ್ತಿದ್ರಲ್ಲ ಮಾವ! ಒಂದು ಮಾತು ಹೇಳಬಾರದಿತ್ತಾ?" ಎಂದು ನಾನು ಅಳುವ ದನಿಯಲ್ಲಿ ಕೇಳಿದೆ.

"ನಂಗೇನು ಗೊತ್ತಪ್ಪಾ? ಕಡಲವರ ಅಡುಗೆ ಹೀಗೇ ಇರಬಹುದು ಅಂದ್ಕೊಂಡೆ."

ಅಕೇನೆತಾ ಸೆರಗಿಲ್ಲದ್ದಕ್ಕೆ ಚಾಪೆಯ ತುದಿಯನ್ನೇ ಬಾಯಿಗೆ ತುರುಕಿಕೊಂಡು ನಗು ತಡೆಯುತ್ತಿದ್ದಳು. ಮಾವ ಮಾತ್ರ ನಗಲಿಲ್ಲ. ಎರಡು ಚೊಂಬು ನೀರು ಕುಡಿದು, ತೆಂಗಿನಮರದತ್ತ ಕೈ ತೋರಿಸಿ ದಂಡ ವಿಧಿಸಿದರು. "ಹತ್ತು. ಎಳನೀರು ಕೀಳು. ಈ ಉಪ್ಪು ಇಳಿಯೋ ತನಕ ಕೀಳ್ತಾನೇ ಇರು."

ಈ ಗುಮಾಸ್ತ ಹತ್ತಿದ. ಅರ್ಧ ಮರಕ್ಕೆ ಸಿಕ್ಕಿಹಾಕಿಕೊಂಡ. ಮೇಲಕ್ಕೂ ಇಲ್ಲ, ಕೆಳಕ್ಕೂ ಇಲ್ಲ. ಕಾಂಡವನ್ನು ತಬ್ಬಿಕೊಂಡು ಕಣ್ಣುಮುಚ್ಚಿದೆ. ಮುಗಿಯಿತು, ಮಾವ ಈಗ ಎದ್ದು ಬಸ್ಸು ಹಿಡಿಯುತ್ತಾರೆ, ಇನ್ನು ಈ ಜನ್ಮದಲ್ಲಿ ಬರುವುದಿಲ್ಲ ಎಂದು ನಿಜವಾಗಿಯೂ ನಂಬಿಬಿಟ್ಟೆ.

"ಮಾವ, ತಪ್ಪಾಯ್ತು! ಕ್ಷಮಿಸಿಬಿಡಿ!" ಎಂದು ಮರದಿಂದಲೇ ಕೂಗಿದೆ.

ಅವರು ಮರದ ಬುಡದಲ್ಲಿ ಚಾಪೆ ಹಾಸಿಸಿಕೊಂಡು, ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು, ತಲೆಯೆತ್ತಿ ಹೇಳಿದರು:

"ಇಸಿರೆಲಿ, ಮೂರು ವರ್ಷದಿಂದ ನಾನು ಯೋಚ್ನೆ ಮಾಡ್ತಿದ್ದೆ, ನನ್ನ ಮಗಳನ್ನ ಓಡಿಸ್ಕೊಂಡು ಹೋದದ್ದಕ್ಕಿಂತ ದೊಡ್ಡ ತಪ್ಪು ನೀನು ಮಾಡೋಕೆ ಸಾಧ್ಯಾನೇ ಇಲ್ಲ ಅಂತ. ಈ ಮೀನು ತಿಂದ್ಮೇಲೆ ಅದನ್ನ ಮರೆತೇಬಿಟ್ಟೆ ಕಣೋ!"