ಅತ್ತೆಯ ಹೊಲ ಐಫೋನಿಗೆ ಹೊರಟಿದ್ದು

ಏನೂ ತಿಳಿಯದವರು ಹೆದರುತ್ತಾರೆ, ಪೂರ್ತಿ ತಿಳಿದವರು ಯೋಚನೆ ಮಾಡುತ್ತಾರೆ. ಇವೆರಡರ ನಡುವೆ ಇರುವ ನನ್ನಂಥವರು ಮಾತ್ರ ‘ಕೊಡಿ ಇಲ್ಲಿ, ಒಂದ್ನಿಮಿಷ’ ಎಂದು ಕೈ ಚಾಚಿಬಿಡುತ್ತೇವೆ. ನಾನು ಕೊರಟಗೆರೆಯ ಹೈಸ್ಕೂಲೊಂದರಲ್ಲಿ ಗಣಿತದ ಮೇಡಂ. ದಿನಾ ಮಧುಗಿರಿಯಿಂದ ಬಸ್ಸಿನಲ್ಲಿ ಹೋಗಿ ಬರುತ್ತೇನೆ. ಸ್ಟಾಫ್ ರೂಮಿನಲ್ಲಿ ಯಾರದೇ ಫೋನು ಮುನಿಸಿಕೊಂಡರೂ ‘ಸುಧಾ ಮೇಡಂ ಕೈಗೆ ಕೊಡಿ’ ಅನ್ನುತ್ತಾರೆ. ವಿದ್ಯಾರ್ಥಿವೇತನದ ಅರ್ಜಿ ಸಿಕ್ಕಿಹಾಕಿಕೊಂಡರೆ ಬಿಡಿಸುವವಳು ನಾನು, ಹೆಡ್ ಮಾಸ್ಟರ್ ಮರೆತ ಪಾಸ್‌ವರ್ಡನ್ನು ಬದಲಾಯಿಸಿಕೊಡುವವಳೂ ನಾನೇ. ಈ ಖ್ಯಾತಿ ಮನೆಯವರೆಗೂ ಬಂದು, ನಮ್ಮ ಅತ್ತೆಯ ಕಿವಿಗೂ ಬಿದ್ದಿತ್ತು. ಅಲ್ಲಿಂದಲೇ ನನಗೆ ಗ್ರಹಚಾರ ಶುರುವಾಯಿತು ಅನ್ನಬೇಕು.

ನಮ್ಮ ಅತ್ತೆ ಬರಗೂರಿನ ಹೆಣ್ಣುಮಗಳು. ಮಧುಗಿರಿಗೆ ಸೊಸೆಯಾಗಿ ಬಂದು ಎಷ್ಟೋ ಕಾಲವಾದರೂ ಮೋಡ ಕಂಡರೆ ಇವತ್ತಿಗೂ ‘ಊರ ಕಡೆ ಆಯ್ತದೇನೋ’ ಎಂದು ಪಡುವಣಕ್ಕೆ ನೋಡುತ್ತಾರೆ. ಅವರಿಗೊಬ್ಬಳು ತಂಗಿ, ನನಗೆ ಚಿಕ್ಕತ್ತೆ. ಕೊಟ್ಟಿದ್ದು ಪಾವಗಡದ ಆಚೆ ರಾಯಚರ್ಲಿಗೆ. ಇಬ್ಬರ ಫೋನಿಗೂ ನಾನೇ ಒಂದು ಹೊಲದ ಆಟ ಹಾಕಿಕೊಟ್ಟಿದ್ದೆ. ಬಿತ್ತುವುದು, ಕೊಯ್ಯುವುದು, ಹಸು ಕೋಳಿಗೆ ಮೇವು ಹಾಕುವುದು, ಬೆಳೆದದ್ದನ್ನು ಲಾರಿಗೆ ತುಂಬಿ ಕಳಿಸುವುದು, ಇಷ್ಟೇ ಆಟ. ಹೊಲಕ್ಕೊಂದು ಹೆಸರು ಕೊಡಿ ಎಂದು ಅದು ಕೇಳಿದಾಗ ಅಕ್ಕತಂಗಿಯರಿಬ್ಬರೂ ಯೋಚಿಸದೆ ತವರಿನ ಮನೆದೇವರು ಕರಿಯಮ್ಮನ ಹೆಸರು ಹೇಳಿದರು. ‘ಸ್ವಂತ ಹೆಸ್ರು ಇಟ್ಕಂಡ್ರೆ ಕಣ್ಣು ಬೀಳ್ತದೆ, ತಾಯಿ ಹೆಸ್ರೇ ಇರ್ಲಿ’ ಅಂದರು ಅತ್ತೆ. ಅವರ ತವರಿನಲ್ಲಿ ಕೊಳವೆಬಾವಿಗೂ ಕರಿಯಮ್ಮ, ಟ್ರ್ಯಾಕ್ಟರಿಗೂ ಕರಿಯಮ್ಮ, ಮೂವರು ಸೋದರತ್ತೆಯರೂ ಕರಿಯಮ್ಮಂದಿರು. ಹಾಗಾಗಿ ಯಾರಿಗೂ ಇದು ವಿಶೇಷ ಅನ್ನಿಸಲಿಲ್ಲ.

ಆಮೇಲೆ ಅಕ್ಕತಂಗಿಗೆ ಮಾತು ಬಿಟ್ಟುಹೋಯಿತು. ಚಿಕ್ಕತ್ತೆಯ ಮನೆಯವರು ತಮ್ಮ ನಿಜವಾದ ಹೊಲವನ್ನು ಸೋಲಾರ್ ಪ್ಯಾನೆಲ್ ಹಾಕುವವರಿಗೆ ಗುತ್ತಿಗೆ ಕೊಟ್ಟಾಗ ನಮ್ಮ ಅತ್ತೆ ಯಾರದೋ ಮದುವೆಯ ಪಂಕ್ತಿಯಲ್ಲಿ ಕೂತು, ‘ನಮ್ಮವಳು ಮಣ್ಣಿನ ಮ್ಯಾಲೆ ಕನ್ನಡಿ ಹಾಸಿ ಮುಖ ನೋಡ್ಕತಾ ಕುಂತವ್ಳೆ’ ಅಂದುಬಿಟ್ಟರು. ಪಂಕ್ತಿಯಲ್ಲಿ ಆಡಿದ ಮಾತು ಊಟ ಮುಗಿಯುವುದರೊಳಗೆ ತಲುಪಬೇಕಾದವರಿಗೆ ತಲುಪಿತು. ಅವತ್ತಿನಿಂದ ಫೋನಿಲ್ಲ, ಬಂದುಹೋಗುವುದಿಲ್ಲ. ಆದರೆ ಆಟದೊಳಗೆ ಮಾತ್ರ ಮುಯ್ಯಾಳು ನಿಲ್ಲಲಿಲ್ಲ. ನಿನ್ನ ಹೊಲಕ್ಕೆ ನಾನು, ನನ್ನ ಹೊಲಕ್ಕೆ ನೀನು ಎಂದು ಒಬ್ಬರಿಗೊಬ್ಬರು ಆಳಾಗಿ ದುಡಿಯುವ ಆ ಹಳೆಯ ಪದ್ಧತಿಯನ್ನು ಇವರು ಫೋನಿನಲ್ಲಿ ನಡೆಸಿಕೊಂಡು ಬಂದರು. ತಂಗಿಯ ಮರ ಒಣಗಿದರೆ ಅಕ್ಕ ಹೋಗಿ ನೀರು ಬಿಡುತ್ತಾರೆ. ಅಕ್ಕನ ಲಾರಿಗೆ ಒಂದು ಡಬ್ಬ ಕಡಿಮೆ ಬಿದ್ದರೆ ತಂಗಿ ತುಂಬಿ ಹೋಗಿರುತ್ತಾರೆ. ಒಂದು ದಿನ ಲಾರಿ ಖಾಲಿ ನಿಂತರೆ ಸಾಕು, ಅತ್ತೆ ನನ್ನ ಹತ್ತಿರ ಬಂದು, ಯಾರಿಗೋ ಹೇಳುವಂತೆ, ‘ಯಾಕೋ ಇವತ್ತು ಆ ಕಡೆಯೋರು ಬಂದಿಲ್ಲ. ಜ್ವರ ಗಿರ ಬಂತೋ ಏನೋ’ ಅನ್ನುತ್ತಿದ್ದರು. ನಾನು ಸುಮ್ಮನೆ ಚಿಕ್ಕತ್ತೆಗೆ ಫೋನು ಮಾಡಿ ವಿಚಾರಿಸುತ್ತಿದ್ದೆ. ಅಕ್ಕತಂಗಿಯ ನಡುವೆ ಉಳಿದಿದ್ದ ನಂಟೆಂದರೆ ಆ ಹೊಲ ಒಂದೇ.

ಇಂಥ ಹೊಲ ಇದ್ದ ಫೋನಿನ ಬ್ಯಾಟರಿ ಈ ಬೇಸಿಗೆಯಲ್ಲಿ ಪೂರಿಯ ಹಾಗೆ ಉಬ್ಬಿತು. ಹಿಂದಿನ ಮುಚ್ಚಳ ಎದ್ದು ನಿಂತಿತು. ಚಾರ್ಜರಿನ ಪಿನ್ನನ್ನು ಒಂದು ಕೋನದಲ್ಲಿ ಒತ್ತಿ ಹಿಡಿದರೆ ಮಾತ್ರ ಜೀವ. ಸರಿಯಾಗಿ ಅದೇ ಹೊತ್ತಿಗೆ ಶಿರಾದಲ್ಲಿರುವ ನನ್ನ ನಾದಿನಿ ತಾನು ಹೊಸದು ಕೊಂಡು, ಹಳೆಯ ಐಫೋನನ್ನು ಅಮ್ಮನಿಗೆ ತಂದುಕೊಟ್ಟಳು. ಫೋಟೋ ಬಂದವು, ನಂಬರುಗಳು ಬಂದವು, ಭಜನೆಯ ಆಡಿಯೋಗಳೂ ಬಂದವು. ನಾನು ಬೀಗುತ್ತಿದ್ದೆ. ಅತ್ತೆ ಕನ್ನಡಕ ಸರಿಮಾಡಿಕೊಂಡು ಕೇಳಿದರು: ‘ಎಲ್ಲಾ ಸರಿ ಕಣಮ್ಮ, ನನ್ ಹೊಲ ಎಲ್ಲೈತೆ?’

ಹೊಲ ಬಂದಿರಲಿಲ್ಲ. ಐಫೋನಿನಲ್ಲಿ ಆಟ ತೆರೆದರೆ ಬರೀ ಬಂಜರು, ಒಂದು ಮುರುಕು ಮನೆ, ಒಂದು ಕೋಳಿ. ಆಂಡ್ರಾಯ್ಡ್ ಫೋನಿನಿಂದ ಐಫೋನಿಗೆ ಆಟ ತಾನಾಗಿ ದಾಟುವುದಿಲ್ಲ ಎಂದು ಓದಿ ತಿಳಿದುಕೊಂಡೆ. ನಮ್ಮ ಕಸುಬಿನ ಭಾಷೆಯಲ್ಲಿ ಹೇಳುವುದಾದರೆ, ಮಗು ಒಂದು ಶಾಲೆಯಿಂದ ಇನ್ನೊಂದಕ್ಕೆ ಹೋಗಬೇಕಾದರೆ ಟಿ.ಸಿ. ಬೇಕು. ಟಿ.ಸಿ. ಸಿಗಬೇಕಾದರೆ ಮೊದಲು ದಾಖಲಾಗಿರಬೇಕು. ನಮ್ಮ ಅತ್ತೆಯ ಹೊಲ ಇಷ್ಟು ವರ್ಷವೂ ದಾಖಲಾತಿಯೇ ಇಲ್ಲದೆ ಹಿಂದಿನ ಬೆಂಚಿನಲ್ಲಿ ಕೂತು ಪಾಠ ಕೇಳಿತ್ತು. ಅದು ಇದ್ದದ್ದು ಆ ಉಬ್ಬಿದ ಫೋನಿನ ಹೊಟ್ಟೆಯಲ್ಲಿ ಮಾತ್ರ. ಫೋನು ಸತ್ತರೆ ಹೊಲವೂ ಸತ್ತಂತೆ. ಅದಕ್ಕೆ ಮೊದಲು ಹಳೆಯ ಫೋನಿನಲ್ಲಿ ಒಂದು ಮೇಲ್ ಐಡಿಗೆ ಹೊಲವನ್ನು ಕಟ್ಟಬೇಕು, ಆಮೇಲೆ ಹೊಸ ಫೋನಿನಲ್ಲಿ ಅದೇ ಐಡಿಯಿಂದ ಬಿಚ್ಚಬೇಕು. ಮೇಲ್ ಐಡಿಗೇನೂ ಬರವಿರಲಿಲ್ಲ. ಹಿಂದೆ ಮನೆಗೊಂದು ಲ್ಯಾಂಡ್‌ಲೈನ್ ಇರುತ್ತಿದ್ದ ಹಾಗೆ ಇಡೀ ಬಳಗಕ್ಕೆ ಒಂದೇ ಐಡಿ ಸಾಕೆಂದು ನಾನೇ ಮಾಡಿಟ್ಟಿದ್ದೆ. ಅದೊಂದು ಉಳಿತಾಯ ಎಂದು ನನಗೆ ಹೆಮ್ಮೆಯೂ ಇತ್ತು.

ಭಾನುವಾರ ಊಟವಾದ ಮೇಲೆ ನಡುಮನೆಯಲ್ಲಿ ಕೂತೆವು. ಅತ್ತೆ ಚಾರ್ಜರಿನ ಪಿನ್ನನ್ನು ಹೆಬ್ಬೆರಳಿನಿಂದ ಒತ್ತಿ ಹಿಡಿದರು. ನನ್ನ ಗಂಡ ನೆಟ್‌ವರ್ಕ್ ಚೆನ್ನಾಗಿ ಬರಲೆಂದು ತಮ್ಮ ಫೋನಿನ ಹಾಟ್‌ಸ್ಪಾಟ್ ಹಾಕಿಕೊಂಡು ಕಿಟಕಿಯ ಹತ್ತಿರ ಅಲುಗಾಡದೆ ನಿಂತರು. ‘ಉಸ್ರು ಬುಡ್ಬೌದೇನಮ್ಮ?’ ಎಂದು ಅವರು ಕೇಳಿದ್ದಕ್ಕೆ ಅತ್ತೆ, ‘ಸುಮ್ಕಿರ್ಲಾ, ಇದು ಆಟ ಅಲ್ಲ’ ಎಂದು ಗದರಿದರು. ಬ್ಯಾಟರಿಯ ಗೆರೆ ಕೆಂಪಾಗಿತ್ತು. ಫೋನು ಸುಡುತ್ತಿತ್ತು. ನಾನು ಸೆಟ್ಟಿಂಗಿಗೆ ಹೋಗಿ ಮೇಲ್ ಐಡಿ ಹಾಕಿದೆ. ಒಂದು ಪುಟ್ಟ ಕಿಟಕಿ ತೆರೆಯಿತು, ಇಂಗ್ಲಿಷಿನಲ್ಲಿ. ಈ ಐಡಿಯಲ್ಲಿ ಕರಿಯಮ್ಮ ಎಂಬ ಹೊಲ ಆಗಲೇ ಇದೆ, ತೆರೆಯಲೇ? ತೆರೆದರೆ ಈಗ ಈ ಫೋನಿನಲ್ಲಿರುವುದು ಹೋಗುತ್ತದೆ, ಒಪ್ಪಿಗೆಯೇ?

ಪಿನ್ನು ಒಂದು ಸಲ ಜಾರಿ, ಪರದೆ ಮಂಕಾಗಿ, ಮತ್ತೆ ಬೆಳಗಿತು. ‘ಬೇಗ ಮಾಡಮ್ಮ, ನನ್ ಬೆಳ್ಳು ಸುಡ್ತಾ ಐತೆ’ ಅಂದರು ಅತ್ತೆ. ನಾನು ಲೆಕ್ಕ ಹಾಕಿದೆ: ಕರಿಯಮ್ಮ ಅಂದರೆ ನಮ್ಮದೇ. ಹೋಗುತ್ತದೆ ಗೀಗುತ್ತದೆ ಅನ್ನುವುದನ್ನು ಎಲ್ಲರೂ ಬರೆಯುತ್ತಾರೆ, ಅಂಥ ಎಚ್ಚರಿಕೆಯನ್ನು ಓದುತ್ತಾ ಕೂತಿದ್ದರೆ ನಮ್ಮ ಶಾಲೆಯ ಒಂದು ಮಗುವಿಗೂ ವಿದ್ಯಾರ್ಥಿವೇತನ ಬರುತ್ತಿರಲಿಲ್ಲ. ಹೆಸರಿನ ಪಕ್ಕದಲ್ಲಿ ಒಂದು ಅಂಕಿಯೂ ಇತ್ತು, ಎಷ್ಟನೆಯ ಲೆವೆಲ್ ಎಂದು. ಗಣಿತದ ಮೇಡಂ ಹೆಸರನ್ನು ನೋಡಿದಳು, ಅಂಕಿಯನ್ನು ನೋಡಲಿಲ್ಲ. ಅದು ಹೇಳಿದಂತೆ ಒಪ್ಪಿಗೆ ಎಂದು ಇಂಗ್ಲಿಷಿನಲ್ಲಿ ಒಂದೊಂದೇ ಅಕ್ಷರ ಟೈಪು ಮಾಡಿ ಒತ್ತಿದೆ. ಒತ್ತಿದ ಕೂಡಲೇ ಫೋನು ಕಪ್ಪಾಯಿತು.

‘ಹೋಯ್ತಾ?’ ಎಂದರು ಅತ್ತೆ. ‘ಇಲ್ಲ ಅತ್ತೆ, ಕಟ್ಟಿ ಆಯ್ತು. ಈಗ ಹೊಸದರಲ್ಲಿ ಬಿಚ್ಚೋದು’ ಎಂದು ಧೈರ್ಯ ಹೇಳಿ ಐಫೋನು ತೆಗೆದುಕೊಂಡೆ. ಐಡಿ ಹಾಕಿದೆ. ಚಕ್ರ ತಿರುಗಿತು, ತಿರುಗಿತು. ಕಡೆಗೆ ಹಸಿರು ತುಂಬಿದ ಹೊಲ ತೆರೆದುಕೊಂಡಿತು. ಹಳದಿಗೆ ತಿರುಗಿದ ಗೋಧಿ, ಸಾಲು ಹಸು, ಮೇಲೆ ‘ಕರಿಯಮ್ಮ’ ಎಂದು ಹೆಸರು. ‘ಬಂತು!’ ಎಂದು ನಾನು ಕೂಗಿದೆ, ನನ್ನ ಗಂಡ ಕಿಟಕಿಯಿಂದ ಓಡಿಬಂದರು. ಅತ್ತೆ ಫೋನನ್ನು ಕೈಗೆ ತೆಗೆದುಕೊಂಡು, ಒಂದು ಮೂಲೆಯಿಂದ ಇನ್ನೊಂದು ಮೂಲೆಗೆ ಬೆರಳಾಡಿಸಿ ನೋಡಿದರು. ಆಮೇಲೆ ತಣ್ಣಗೆ ಹೇಳಿದರು: ‘ಇದು ನಂದಲ್ಲ ಕಣಮ್ಮ. ಇದು ಅವ್ಳದು.’

ಬಳಗಕ್ಕೆಲ್ಲ ಒಂದೇ ಐಡಿ ಎಂದೆನಲ್ಲ, ಚಿಕ್ಕತ್ತೆಯ ಫೋನಿಗೆ ಆಟ ಹಾಕುವಾಗಲೇ, ಅದು ಕೇಳಿದ್ದಕ್ಕೆಲ್ಲ ಹೂಂ ಅಂದು, ಅವರ ಹೊಲವನ್ನು ನಾನೇ ಅದಕ್ಕೆ ಕಟ್ಟಿಬಿಟ್ಟಿದ್ದೆ. ನಾನು ಒಪ್ಪಿಗೆ ಕೊಟ್ಟಿದ್ದು ಅತ್ತೆಯ ಹೊಲವನ್ನು ಒರೆಸಿ ಆ ಜಾಗದಲ್ಲಿ ತಂಗಿಯ ಹೊಲವನ್ನು ಹಾಸಲು. ಹಳೆಯ ಫೋನನ್ನು ಮತ್ತೆ ಚಾರ್ಜಿಗೆ ಹಾಕಿ ತೆರೆದು ನೋಡಿದರೆ ಅಲ್ಲೂ ಚಿಕ್ಕತ್ತೆಯದೇ ಗೋಧಿ. ಅತ್ತೆ ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ‘ಹೋಗ್ಲಿ ಬುಡು, ನೀನೇನು ಬೇಕೂಂತ ಮಾಡಿದ್ಯಾ’ ಅಂದರು. ಆಮೇಲೆ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸುತ್ತಾ, ‘ಇನ್ ಅವ್ಳು ನಾನು ಹೋಗೇ ಬುಟ್ಟೆ ಅನ್ಕತಾಳೆ’ ಎಂದರು. ನನಗೆ ಅಳು ಬಂತು. ಅಡುಗೆಮನೆಗೆ ಹೋಗಿ, ಒಲೆ ಹಚ್ಚದೆಯೇ ಕಾಫಿ ಪಾತ್ರೆ ಇಟ್ಟುಕೊಂಡು ನಿಂತಿದ್ದೆ.

ಹಿಂತಿರುಗಿ ಬಂದಾಗ ಅತ್ತೆ ಐಫೋನಿನ ಮೇಲೆ ಬೆರಳು ಓಡಿಸುತ್ತಿದ್ದರು. ‘ಏನ್ ಮಾಡ್ತಿದೀರ ಅತ್ತೆ?’ ಎಂದರೆ, ‘ಗೋಧಿ ಬಲ್ತು ನಿಂತೈತೆ. ಕೊಯ್ತಾ ಇವ್ನಿ’ ಅಂದರು. ಈ ಆಟದಲ್ಲಿ ಬೆಳೆ ಹಾಳಾಗುವುದಿಲ್ಲ, ಎಷ್ಟು ದಿನ ಬೇಕಾದರೂ ನಿಲ್ಲುತ್ತದೆ ಎಂದು ಹೇಳಿದೆ. ಅವರು ನನ್ನನ್ನು ಅಯ್ಯೋ ಪಾಪ ಎಂಬಂತೆ ನೋಡಿ, ‘ಬಲ್ತ ಬೆಳೆ ಇಟ್ಕಂಡು ಸುಮ್ಕೆ ಕುಂತ್ಕಳಕ್ಕಾಯ್ತದಾ?’ ಎಂದು ಕೊಯ್ಲು ಮುಂದುವರಿಸಿದರು.

ಒಂದು ಹೊಲವನ್ನು ಎರಡು ಫೋನಿನಲ್ಲಿ ಒಟ್ಟಿಗೆ ತೆರೆಯಲು ಆಗುವುದಿಲ್ಲ. ಇಲ್ಲಿ ಇವರು ಒಳಗೆ ಹೋದ ಕೂಡಲೇ ಅಲ್ಲಿ ರಾಯಚರ್ಲಿನಲ್ಲಿ ಚಿಕ್ಕತ್ತೆಯನ್ನು ಆಟ ಹೊರಗೆ ದಬ್ಬಿತ್ತು. ಆಕೆ ಮತ್ತೆ ನುಗ್ಗಿದರೆ ಇವರು ಹೊರಗೆ. ಇವರು ಬಿಡುತ್ತಾರೆಯೇ, ಇವರೂ ನುಗ್ಗಿದರು. ಒಂದಿಷ್ಟು ಹೊತ್ತು ಈ ದಬ್ಬಾಟ ನಡೆದು, ಕಡೆಗೆ ನನ್ನ ಫೋನು ಬಡಿದುಕೊಂಡಿತು. ಸ್ಪೀಕರ್ ಬೇಡವೇ ಬೇಡ, ಚಿಕ್ಕತ್ತೆಯ ದನಿ ಬೀದಿಗೆ ಕೇಳುತ್ತಿತ್ತು: ‘ಅಯ್ಯೋ ದೇವುಡಾ! ಸುಧಾ, ನನ್ ಹೊಲ್ದಾಗೆ ಯಾರೋ ದೊಂಗಲು ನುಗ್ಗವ್ರೆ ಕಣಮ್ಮ! ಕಳ್ರು! ನನ್ ಕಣ್ಣೆದುರ್ಗೇ ಗೋಧಿ ಕುಯ್ಕಂಡ್ರು!’

ನಾನು ಬಾಯಿ ತೆರೆಯುವ ಮೊದಲೇ ಅತ್ತೆ ಫೋನನ್ನು ಕಿತ್ತುಕೊಂಡರು. ‘ಕಳ್ರೂ ಇಲ್ಲ, ಗಿಳ್ರೂ ಇಲ್ಲ. ನಾನೇ ಕಣೆ ಕುಯ್ದಿದ್ದು.’

ನನ್ನ ಗಂಡ ಮತ್ತೆ ಕಿಟಕಿಯ ಹತ್ತಿರ ಹೋಗಿ ಗೊಂಬೆಯಂತೆ ನಿಂತರು. ಆಮೇಲೆ ಚಿಕ್ಕತ್ತೆ ಮೆಲ್ಲಗೆ ಕೇಳಿದರು: ‘ಅಕ್ಕಾ, ಹಸುಗೆ ಮೇವ್ ಹಾಕ್ದ್ಯಾ?’

‘ಹಾಕ್ದೆ. ಬಡಕಲಾಗವೆ, ನೀನೇನು ಹೊಟ್ಟೆಗಾಕ್ತೀಯೋ ಇಲ್ವೋ?’

ಅಲ್ಲಿಂದ ಸಾಯಂಕಾಲ ದೀಪ ಹಚ್ಚುವವರೆಗೆ ಮಾತು. ಸೋಲಾರಿನ ಸುದ್ದಿ ಯಾರೂ ಎತ್ತಲಿಲ್ಲ. ಇಬ್ಬರೂ ಒಟ್ಟಾಗಿ ನನ್ನನ್ನು ಬೈದರು. ಇಷ್ಟು ವರ್ಷದಲ್ಲಿ ಅಕ್ಕತಂಗಿ ಒಮ್ಮತಕ್ಕೆ ಬಂದದ್ದು ನಾನು ದಡ್ಡಿ ಅನ್ನುವುದರಲ್ಲೇ ಮೊದಲು. ಕೊನೆಗೆ ಕರೆಂಟಿನ ಸರದಿಯ ಹಾಗೆ ಒಂದು ಏರ್ಪಾಡಾಯಿತು. ಬೆಳಿಗ್ಗೆ ತಂಗಿ ಬಿತ್ತುವುದು, ಮಧ್ಯಾಹ್ನದ ಮೇಲೆ ಅಕ್ಕ ಕೊಯ್ಯುವುದು. ಸರದಿ ಬದಲಾಗುವಾಗ ಫೋನು ಮಾಡಿ ‘ನಾನು ಈಚೆಗೆ ಬಂದೆ, ನೀನು ಹೋಗು’ ಎಂದು ಹೇಳಬೇಕು. ಅಷ್ಟು ಹೇಳುವುದಕ್ಕೆ ಅವರಿಗೆ ಗಂಟೆ ಹಿಡಿಯುತ್ತದೆ.

ಇಷ್ಟಕ್ಕೆ ಮುಗಿದಿದ್ದರೆ ನಾನು ನೆಮ್ಮದಿಯಾಗಿರುತ್ತಿದ್ದೆ. ಆದರೆ ಆ ಭಾನುವಾರವೇ ಗಾಬರಿಯಲ್ಲಿ ಆಟದ ಕಂಪನಿಗೆ ನನ್ನ ಇಂಗ್ಲಿಷನ್ನೆಲ್ಲ ಸುರಿದು ಮೊರೆಯಿಟ್ಟಿದ್ದೆ. ಕೆಲವು ವಾರಗಳ ಮೇಲೆ ಉತ್ತರ ಬಂತು. ಹಳೆಯ ಹೊಲದ ಒಂದು ನಕಲು ನಮ್ಮ ಹತ್ತಿರವೇ ಸಿಕ್ಕಿದೆ, ಹಳೆಯ ಫೋನಿನಲ್ಲಿ ಮತ್ತೆ ಇಟ್ಟಿದ್ದೇವೆ ಎಂದು. ತೆರೆದು ನೋಡಿದರೆ ಹೌದು, ಅತ್ತೆಯ ಹೊಲ ಒಂದು ಕೋಳಿಯೂ ಕಡಿಮೆಯಾಗದೆ ನಿಂತಿತ್ತು. ನನಗೆ ಆದ ಸಂತೋಷ ಅಷ್ಟಿಷ್ಟಲ್ಲ. ಓಡಿಹೋಗಿ ತೋರಿಸಿದೆ. ಅತ್ತೆ ಒಂದೊಂದೇ ಹಸುವನ್ನು ಮುಟ್ಟಿ ನೋಡಿದರು, ಕಣ್ಣೊರೆಸಿಕೊಂಡರು. ಆಮೇಲೆ ಬಾಗಿಲ ಕಡೆ ಒಮ್ಮೆ ನೋಡಿ ದನಿ ತಗ್ಗಿಸಿದರು. ‘ಅವ್ಳಿಗೆ ಯೋಳ್ಬ್ಯಾಡ ಕಣಮ್ಮ. ನನ್ ಹೊಲ ನಂಗೆ ಬಂತು ಅಂದ್ರೆ ಅವ್ಳು ಇನ್ಯಾಕೆ ಫೋನ್ ಮಾಡ್ತಾಳೆ?’

‘ಮತ್ತೆ ಇದನ್ನ ಯಾರು ನೋಡ್ಕೊಳ್ಳೋದು ಅತ್ತೆ?’

‘ನೀನಿದೀಯಲ್ಲ’ ಅಂದರು, ಅದರಲ್ಲಿ ಕೇಳುವುದೇನಿದೆ ಎಂಬಂತೆ.

ಹಾಗಾಗಿ ಆ ಫೋನಿಗೆ ಹೊಸ ಬ್ಯಾಟರಿ ಹಾಕಿಸಿ ನನ್ನ ಬ್ಯಾಗಿನಲ್ಲಿ ಇಟ್ಟುಕೊಂಡಿದ್ದೇನೆ. ಚಿಕ್ಕತ್ತೆಗೆ ಕಾಣದಂತೆ ಆಟದೊಳಗಿನ ಗೆಳೆತನದ ಪಟ್ಟಿಯಿಂದ ಆ ಹೊಲವನ್ನು ತೆಗೆದು, ಕೊರಟಗೆರೆಯ ಬಸ್ಸಿನಲ್ಲಿ ಕೂತು ಬಿತ್ತುತ್ತೇನೆ. ಅತ್ತೆ ಮಾತ್ರ ಬಳಗದಲ್ಲಿ ಎಲ್ಲಿ ಹೋದರೂ, ‘ಇವ್ಳೇ ಕಣಪ್ಪ, ನನ್ ಹೊಲಾನೆಲ್ಲ ಅಳಿಸಾಕಿದ್ ನಮ್ ಸೊಸೆ’ ಎಂದು ನನ್ನನ್ನು ಪರಿಚಯಿಸುತ್ತಾರೆ. ಹೋದ ವಾರ ಪಾವಗಡದಲ್ಲಿ ಒಂದು ನಿಶ್ಚಿತಾರ್ಥ. ಅಕ್ಕತಂಗಿ ಒಂದೇ ಪಂಕ್ತಿಯಲ್ಲಿ, ಪಕ್ಕಪಕ್ಕದಲ್ಲಿ ಉಂಡರು. ಕೈತೊಳೆಯುವ ಕಡೆ ಚಿಕ್ಕತ್ತೆ ನನ್ನನ್ನು ಹಿಡಿದುಕೊಂಡು, ‘ಪಾಪ, ಅಕ್ಕನ್ ಹೊಲ ಇನ್ ಸಿಕ್ಕೋದೇ ಇಲ್ವೇನಮ್ಮ? ಇಷ್ಟ್ ಓದಿದೀಯ, ಏನೂ ಮಾಡಕ್ಕಾಗಲ್ವಾ?’ ಎಂದು ಕೇಳಿದರು. ಆಚೆ ಬದಿಯಿಂದ ಅತ್ತೆ ನನ್ನನ್ನೇ ನೋಡುತ್ತಿದ್ದರು. ನಾನು ತಲೆ ತಗ್ಗಿಸಿ, ‘ಇಲ್ಲ ಚಿಕ್ಕತ್ತೆ, ನನಗೆ ಅಷ್ಟೆಲ್ಲ ಗೊತ್ತಾಗಲ್ಲ’ ಎಂದೆ. ಆಕೆ ಸಮಾಧಾನಕ್ಕೆ ನನ್ನ ಭುಜ ತಟ್ಟಿದರು. ಆ ಭುಜಕ್ಕೆ ನೇತುಹಾಕಿದ್ದ ಬ್ಯಾಗಿನಲ್ಲಿ ಅತ್ತೆಯ ಗೋಧಿ ಬಲಿತು ನಿಂತಿತ್ತು, ಕೊಯ್ಯಲು ನನಗೆ ಒಂದು ಮರೆ ಸಿಗಬೇಕಿತ್ತು.